ಕಂಕುಳ ಕೆಳಗಿನ ಕ್ಯಾಮೆರಾ: 2007ರ ರಂಗೂನ್ ದೃಶ್ಯಗಳನ್ನು ಓದುವ ಬಗೆ

ಚೌಕಟ್ಟಿನ ಒಂದು ಮೂಲೆಯಲ್ಲಿ ಕಪ್ಪಗೆ ಏನೋ ಅಡ್ಡ ಬಂದಿರುತ್ತದೆ. ಬ್ಯಾಗಿನ ಬಾಯಿಯೋ, ಅಂಗಿಯ ಅಂಚೋ. ರಸ್ತೆ ಓರೆಯಾಗಿದೆ. ಜನರ ತಲೆಗಳು ಕಾಣುವುದಿಲ್ಲ. ಸೊಂಟದಿಂದ ಕೆಳಗಿನ ಲುಂಗಿಗಳು, ಹವಾಯಿ ಚಪ್ಪಲಿಗಳು ಮಾತ್ರ ಓಡಾಡುತ್ತವೆ. ಫೋಕಸ್ ಒಮ್ಮೆ ಹತ್ತಿರದ ಬಟ್ಟೆಯ ಮೇಲೆ ಕೂರುತ್ತದೆ, ಆಮೇಲೆ ದೂರದ ಲಾರಿಯನ್ನು ಹುಡುಕುತ್ತದೆ, ಸಿಗದೆ ಮತ್ತೆ ಬಟ್ಟೆಗೇ ವಾಪಸ್ಸು ಬರುತ್ತದೆ. ಅಷ್ಟರಲ್ಲಿ ಶಾಟ್ ಮುಗಿದುಹೋಗುತ್ತದೆ.

ಸಿನಿಮಾ ಕಲಿಸುವ ಕಡೆ ಇಂಥದ್ದನ್ನು ತೋರಿಸಿದರೆ ಮೇಷ್ಟ್ರು ಬೈಯುತ್ತಾರೆ. ಆದರೆ 2007ರ ಸೆಪ್ಟೆಂಬರ್‌ನಲ್ಲಿ, ಸೈನ್ಯದ ಆಡಳಿತವಿದ್ದ ಬರ್ಮಾದಲ್ಲಿ, ಅಂದರೆ ಈಗಿನ ಮ್ಯಾನ್ಮಾರ್‌ನಲ್ಲಿ, ಏನಾಗುತ್ತಿದೆ ಎಂದು ಜಗತ್ತಿಗೆ ಗೊತ್ತಾಗಿದ್ದೇ ಇಂಥ ಶಾಟ್‌ಗಳಿಂದ. ಅವನ್ನು ತೆಗೆದವರು ಸುಮಾರು ಮೂವತ್ತು ಜನ. ಅವರಲ್ಲಿ ಹೆಚ್ಚಿನವರ ಹೆಸರು ಆಗ ಯಾರಿಗೂ ಗೊತ್ತಿರಲಿಲ್ಲ, ಗೊತ್ತಾಗಲೂಬಾರದಿತ್ತು. ಬರ್ಮಾದ ಛಾಯಾಗ್ರಹಣದ ಬಗ್ಗೆ ಬರೆಯುವಾಗ ಯಾರಾದರೂ ಒಬ್ಬ ದೊಡ್ಡ ಛಾಯಾಗ್ರಾಹಕರನ್ನು ಆರಿಸಿಕೊಳ್ಳಬಹುದಿತ್ತು. ನಾನು ಈ ಹೆಸರಿಲ್ಲದವರನ್ನು ಆರಿಸಿಕೊಂಡಿದ್ದೇನೆ. ಅವರ ಒಂದೊಂದು ಫ್ರೇಮ್ ನೋಡಿದರೂ ಕ್ಯಾಮೆರಾ ಹಿಡಿದವರು ಎಲ್ಲಿ ನಿಂತಿದ್ದರು, ಎಷ್ಟು ಹೆದರಿದ್ದರು ಎಂದು ಹೇಳಬಹುದು. ಇವರ ಶೈಲಿ ಎಂದರೆ ಅದೇ.

ಕ್ಯಾಮೆರಾ ಯಾಕೆ ಬೇಕಾಯಿತು

1988ರ ಆಗಸ್ಟ್ 8ರಂದು ಬರ್ಮಾದಲ್ಲಿ ದೊಡ್ಡ ದಂಗೆ ಎದ್ದಿತು. ಸೈನ್ಯ ಗುಂಡು ಹಾರಿಸಿತು. ಸತ್ತವರು ಸುಮಾರು ಮೂರು ಸಾವಿರ ಎಂಬ ಅಂದಾಜಿದೆ. ಆದರೆ ಅದರ ದೃಶ್ಯಗಳು ಹೊರಗೆ ಬಂದದ್ದು ತೀರಾ ಕಡಿಮೆ. ಮರುವರ್ಷ ಬೀಜಿಂಗ್‌ನಲ್ಲಿ ಟ್ಯಾಂಕುಗಳ ಮುಂದೆ ನಿಂತ ಒಬ್ಬ ಮನುಷ್ಯನ ಚಿತ್ರ ಜಗತ್ತಿನ ಎಲ್ಲರಿಗೂ ಗೊತ್ತು. ರಂಗೂನಿನ ಸಾವಿರಾರು ಜನರ ಒಂದು ಚಿತ್ರವೂ ಹಾಗೆ ನೆನಪಿನಲ್ಲಿ ಉಳಿಯಲಿಲ್ಲ.

ದೇಶ ಬಿಟ್ಟು ಹೋದವರು 1992ರಲ್ಲಿ ನಾರ್ವೆಯ ಓಸ್ಲೋದಲ್ಲಿ ಡೆಮಾಕ್ರಟಿಕ್ ವಾಯ್ಸ್ ಆಫ್ ಬರ್ಮಾ ಎಂಬ ರೇಡಿಯೊ ಶುರು ಮಾಡಿದರು. ಎಲ್ಲರೂ ಕರೆಯುವುದು ಡಿವಿಬಿ ಎಂದು. 2005ರಲ್ಲಿ ಅದು ಉಪಗ್ರಹ ಟಿವಿಗೂ ಕೈ ಹಾಕಿತು. ರೇಡಿಯೊಗಾದರೆ ಯಾರೋ ಫೋನಿನಲ್ಲಿ ಸುದ್ದಿ ಹೇಳಿದರೂ ನಡೆಯುತ್ತದೆ. ಟಿವಿಗೆ ಚಿತ್ರ ಬೇಕು, ಅಲ್ವಾ? ದೇಶದೊಳಗೆ ಕ್ಯಾಮೆರಾ ಹಿಡಿಯುವವರು ಬೇಕು. ಹಾಗೆ ಹುಟ್ಟಿದವರು ವಿಜೆಗಳು, ಅಂದರೆ ವಿಡಿಯೊ ಜರ್ನಲಿಸ್ಟ್‌ಗಳು. ಚಿತ್ರೀಕರಣ, ವರದಿ, ಸಾಗಣೆ ಎಲ್ಲ ಒಬ್ಬರದ್ದೇ ಕೆಲಸ.

ಅವರ ಕೈಯಲ್ಲಿದ್ದದ್ದು ಅಂಗೈ ಅಗಲದ ಹ್ಯಾಂಡಿಕ್ಯಾಮ್. ಆ ಕಾಲದಲ್ಲಿ ನಮ್ಮ ಕಡೆ ಮದುವೆ, ನಾಮಕರಣ, ಸ್ಕೂಲ್ ಡೇಗೆ ಮಾವಂದಿರು ಹಿಡಿದು ಓಡಾಡುತ್ತಿದ್ದ ಅದೇ ಜಾತಿಯ ಕ್ಯಾಮೆರಾ. ಪಕ್ಕಕ್ಕೆ ತೆರೆಯುವ ಪುಟ್ಟ ಪರದೆ, ಬೆರಳ ತುದಿಯಲ್ಲಿ ಝೂಮ್, ಎಲ್ಲವೂ ಆಟೊ. ಅದರ ಗುಣ ಒಂದೇ. ಕಣ್ಣಿಗೆ ಹಚ್ಚಿ ನೋಡಬೇಕಾಗಿಲ್ಲ. ಬ್ಯಾಗಿನಲ್ಲಿ ಇಡಬಹುದು, ಕಂಕುಳ ಕೆಳಗೆ ಒತ್ತಿ ಹಿಡಿಯಬಹುದು, ಸುಮ್ನೆ ಹೆಗಲಿಗೆ ನೇತುಹಾಕಿಕೊಂಡು ನಡೆಯಬಹುದು. ಅದರ ದೋಷವೂ ಅಲ್ಲೇ ಇದೆ. ಏನು ದಾಖಲಾಗುತ್ತಿದೆ ಎಂದು ಹಿಡಿದವರಿಗೇ ಕಾಣುವುದಿಲ್ಲ.

ಒಂದೂವರೆ ತಿಂಗಳು

2007ರ ಆಗಸ್ಟ್ 15ರಂದು ಸರ್ಕಾರ ಯಾರಿಗೂ ಹೇಳದೆ ಕೇಳದೆ ಇಂಧನದ ಬೆಲೆ ಏರಿಸಿತು. ಡೀಸೆಲ್ ಎರಡರಷ್ಟಾಯಿತು. ಬಸ್ಸುಗಳಿಗೆ ಹಾಕುವ ಸಿಎನ್‌ಜಿ ಐದರಷ್ಟಾಯಿತು. ದಿನಗೂಲಿಯವರಿಗೆ ಕೆಲಸಕ್ಕೆ ಹೋಗಿ ಬರುವ ಬಸ್ ಚಾರ್ಜೇ ಭಾರವಾಯಿತು. 1988ರ ವಿದ್ಯಾರ್ಥಿ ನಾಯಕರು ಬೀದಿಗಿಳಿದರು. ಕೆಲವೇ ದಿನಗಳಲ್ಲಿ ಮಿನ್ ಕೋ ನೈಂಗ್ ಸೇರಿ ಮುಖ್ಯರೆಲ್ಲ ಬಂಧನವಾದರು.

ಈ ಆಗಸ್ಟ್ ತಿಂಗಳ ದೃಶ್ಯಗಳೇ ಮೊದಲು ಹೇಳಿದ ಬ್ಯಾಗಿನ ಶಾಟ್‌ಗಳು. ಪ್ರತಿಭಟನೆ ಎಂದರೆ ಬೆರಳೆಣಿಕೆಯ ಜನ, ಕೆಲವೇ ನಿಮಿಷ. ಮಫ್ತಿಯಲ್ಲಿದ್ದವರು ಬಂದು ಕೈಕಾಲು ಹಿಡಿದು ಲಾರಿಗೆ ಎತ್ತಿ ಹಾಕುತ್ತಿದ್ದರು. ಸುತ್ತ ನಿಂತವರಲ್ಲಿ ಯಾರು ಜನ, ಯಾರು ಗೂಢಚಾರ ಎಂದು ಹೇಳಲಾಗದು. ಕ್ಯಾಮೆರಾ ಸೊಂಟದ ಎತ್ತರಕ್ಕಿಂತ ಮೇಲೆ ಬರುವುದಿಲ್ಲ. ನೋಡಿದವರಿಗೆ ಏನೂ ಪೂರ್ತಿ ಕಾಣುವುದಿಲ್ಲ. ಆದರೆ ಆ ಬೀದಿಯಲ್ಲಿ ಪೂರ್ತಿ ತಲೆ ಎತ್ತಿ ನೋಡುವಂತಿರಲಿಲ್ಲ ಎಂಬುದು ಚೆನ್ನಾಗಿ ಕಾಣುತ್ತದೆ.

ಸೆಪ್ಟೆಂಬರ್ 5ರಂದು ಇರವಾಡಿ ನದಿಯ ದಡದ ಪಕೊಕ್ಕು ಊರಿನಲ್ಲಿ ಸೈನಿಕರು ಭಿಕ್ಕುಗಳನ್ನು ಹೊಡೆದರು. ಬೌದ್ಧ ದೇಶದಲ್ಲಿ ಇದು ಸಣ್ಣ ಮಾತಲ್ಲ. 17ನೇ ತಾರೀಖಿನೊಳಗೆ ಕ್ಷಮೆ ಕೇಳಿ ಎಂದು ಭಿಕ್ಕುಗಳು ಗಡುವು ಕೊಟ್ಟರು. ಕ್ಷಮೆ ಬರಲಿಲ್ಲ. 18ರಂದು ಅವರು ಭಿಕ್ಷಾಪಾತ್ರೆ ಮಗುಚಿದರು. ಸೈನ್ಯದವರಿಂದ, ಅವರ ಮನೆಯವರಿಂದ ಭಿಕ್ಷೆ ತೆಗೆದುಕೊಳ್ಳುವುದಿಲ್ಲ ಎಂದು ಅದರ ಅರ್ಥ. ಭಿಕ್ಷೆ ಹಾಕಿದರೆ ಪುಣ್ಯ ಎಂದು ನಂಬುವ ಊರಿನಲ್ಲಿ, ನಿನಗೆ ಪುಣ್ಯದ ದಾರಿಯೇ ಮುಚ್ಚಿತು ಎಂದ ಹಾಗೆ. ಆ ತಾರೀಖಿಗೂ ಒಂದು ಕಥೆಯಿದೆ. 1988ರಲ್ಲಿ ಸೈನ್ಯ ಅಧಿಕಾರ ಹಿಡಿದದ್ದು ಸೆಪ್ಟೆಂಬರ್ 18ರಂದೇ.

ಈಗ ದೃಶ್ಯಗಳನ್ನು ನೋಡಿ. ಒಂದೇ ವಾರದಲ್ಲಿ ಕ್ಯಾಮೆರಾ ಮೇಲೇಳುತ್ತದೆ.

ಮೊದಲು ಭಿಕ್ಕುಗಳಿಗೇ ಇವರ ಮೇಲೆ ಅನುಮಾನವಿತ್ತು. ಕ್ಯಾಮೆರಾ ಹಿಡಿದವನು ಸರ್ಕಾರದ ಕಡೆಯವನಿರಬೇಕು ಎಂದುಕೊಂಡರು. ಅದು ತಪ್ಪೂ ಅಲ್ಲ. ಸರ್ಕಾರದವರೂ ಬೀದಿಯಲ್ಲಿ ಚಿತ್ರ ತೆಗೆಯುತ್ತಿದ್ದರು, ಆಮೇಲೆ ಅದನ್ನು ನೋಡಿ ಮನೆಮನೆಗೆ ಹೋಗಿ ಜನರನ್ನು ಹಿಡಿದರು. ಬರಬರುತ್ತಾ ಭಿಕ್ಕುಗಳಿಗೆ ಇವರು ನಮ್ಮವರು ಎಂದು ಗೊತ್ತಾಯಿತು. ಮಫ್ತಿಯವರು ಹಿಡಿಯಲು ಬಂದಾಗ ಅವರೇ ಅಡ್ಡ ನಿಂತು ಕಾಪಾಡಿದರು. ಅಲ್ಲಿಂದ ಮುಂದೆ ಕ್ಯಾಮೆರಾ ಮೆರವಣಿಗೆಯ ಒಳಗೆ ಸೇರಿಕೊಂಡಿತು. ಮುಖದ ಎತ್ತರಕ್ಕೆ ಬಂತು. ಭಿಕ್ಕುಗಳ ಸಾಲಿನ ಪಕ್ಕದಲ್ಲೇ, ಅದೇ ವೇಗದಲ್ಲಿ ನಡೆಯಿತು. ಸೆಪ್ಟೆಂಬರ್ 24ರ ಹೊತ್ತಿಗೆ ರಂಗೂನಿನಲ್ಲಿ ಸೇರಿದವರು ಒಂದು ಲಕ್ಷದವರೆಗೆ ಎಂಬ ಅಂದಾಜುಗಳಿವೆ. ಆಗಿನ ಶಾಟ್‌ಗಳು ಮೇಲಿನಿಂದ ತೆಗೆದವು. ಬಾಲ್ಕನಿಗಳಲ್ಲಿ ಜನ ಚಪ್ಪಾಳೆ ತಟ್ಟುತ್ತಿದ್ದಾರೆ, ಕೆಳಗೆ ರಸ್ತೆ ತುಂಬಾ ಕೆಂಪು ಹೊಳೆ. ಶಾಟ್ ಉದ್ದ ಇದೆ, ಅವಸರವಿಲ್ಲ. ಈ ಜನಕ್ಕೆ ಚೌಕಟ್ಟು ಕಟ್ಟಲು ಬರುತ್ತಿರಲಿಲ್ಲ ಎಂದಲ್ಲ, ಕಟ್ಟಲು ಪುರುಸೊತ್ತು ಇರಲಿಲ್ಲ ಎಂದು ಈ ನಾಲ್ಕೈದು ದಿನದ ದೃಶ್ಯಗಳನ್ನು ನೋಡಿದರೆ ತಿಳಿಯುತ್ತದೆ.

ಕೆಂಪು ಎಂದೆ. ಪತ್ರಿಕೆಗಳು ಇದಕ್ಕೆ ಕೇಸರಿ ಕ್ರಾಂತಿ ಎಂದು ಹೆಸರಿಟ್ಟವು. ಬರ್ಮಾದ ಭಿಕ್ಕುಗಳು ಉಡುವ ಚೀವರ ಹೆಚ್ಚಾಗಿ ಕೇಸರಿಯಲ್ಲ, ಒಣಗಿದ ಮೆಣಸಿನಕಾಯಿಯ ಹಾಗೆ ಗಾಢ ಕೆಂಪು. ಹೆಸರಿಟ್ಟವರು ದೃಶ್ಯವನ್ನು ಸರಿಯಾಗಿ ನೋಡಿರಲಿಲ್ಲವೇನೋ.

22ನೇ ತಾರೀಖು ಮಳೆಯಲ್ಲಿ ಭಿಕ್ಕುಗಳ ಒಂದು ಗುಂಪು ಪ್ರಜಾಪ್ರಭುತ್ವ ಚಳವಳಿಯ ನಾಯಕಿ ಆಂಗ್ ಸಾನ್ ಸೂ ಕೀ ಅವರ ಮನೆಯ ಗೇಟಿನವರೆಗೆ ಹೋಯಿತು. ಗೃಹಬಂಧನದಲ್ಲಿದ್ದ ಅವರು ಬಾಗಿಲಿಗೆ ಬಂದು ಕೈಮುಗಿದರು. 2003ರ ನಂತರ ಜನರ ಕಣ್ಣಿಗೆ ಅವರು ಬಿದ್ದದ್ದು ಅದೇ ಮೊದಲು. ಹೊರಗೆ ಬಂದ ಚಿತ್ರ ತೀರಾ ಮಸುಕು. ಪೊಲೀಸರ ಗುರಾಣಿಗಳ ಹಿಂದೆ ಒಂದು ಪುಟ್ಟ ಆಕೃತಿ, ಅಷ್ಟೇ. ಹೇಳದಿದ್ದರೆ ಯಾರು ಎಂದು ಗೊತ್ತಾಗುವುದಿಲ್ಲ. ಆದರೂ ಆ ಚಿತ್ರವನ್ನು ಜನ ದೇವರ ಪಟದ ಹಾಗೆ ಹಂಚಿಕೊಂಡರು.

25ರಂದು ಕರ್ಫ್ಯೂ ಬಂತು. 26ರಂದು ಶ್ವೇಡಗಾನ್ ಪಗೋಡಾದ ಬಳಿ ಲಾಠಿ, ಅಶ್ರುವಾಯು, ಗುಂಡು. ಆ ರಾತ್ರಿ ಮಠಗಳ ಮೇಲೆ ದಾಳಿ. ಕ್ಯಾಮೆರಾ ಮತ್ತೆ ಕೆಳಗಿಳಿಯಿತು. ಕಿಟಕಿಯ ಸರಳಿನ ಹಿಂದಿನಿಂದ, ಪರದೆಯ ಸಂದಿನಿಂದ, ಝೂಮ್ ಕೊನೆಯವರೆಗೆ ಎಳೆದು ತೆಗೆದ ಶಾಟ್‌ಗಳು ಶುರುವಾದವು. ಝೂಮ್ ಅಷ್ಟು ಎಳೆದಾಗ ಕೈಯ ಸಣ್ಣ ನಡುಕವೂ ಭೂಕಂಪದ ಹಾಗೆ ಕಾಣುತ್ತದೆ. ಆ ನಡುಕ ಲೆನ್ಸಿನದೋ ಭಯದ್ದೋ ಎಂದು ಬೇರ್ಪಡಿಸಲು ಆಗುವುದಿಲ್ಲ. ಮಠದ ದಾಳಿ ನಡೆದದ್ದು ಕತ್ತಲಲ್ಲಿ. ಮರುದಿನ ತೆಗೆದದ್ದಿದೆ. ಒಡೆದ ಗಾಜು, ಚೆಲ್ಲಾಪಿಲ್ಲಿಯಾದ ಹಾಸಿಗೆಗಳು, ನೆಲದ ಮೇಲೆ ರಕ್ತ. ಅಲ್ಲಿ ಮಾತ್ರ ಕ್ಯಾಮೆರಾ ನಿಧಾನವಾಗಿ ನಡೆಯುತ್ತದೆ.

ಇಡೀ ಒಂದೂವರೆ ತಿಂಗಳ ಟೇಪ್‌ಗಳನ್ನು ಸಾಲಾಗಿ ಇಟ್ಟು ಕ್ಯಾಮೆರಾದ ಎತ್ತರವನ್ನಷ್ಟೇ ಗುರುತು ಹಾಕಿಕೊಂಡು ಹೋದರೂ ಚಳವಳಿಯ ಏರಿಳಿತ ಸಿಕ್ಕಿಬಿಡುತ್ತದೆ. ಸೊಂಟ, ಮುಖ, ಬಾಲ್ಕನಿ, ಮತ್ತೆ ಕಿಟಕಿಯ ಸಂದು.

27ನೇ ತಾರೀಖು

ಆ ದಿನ ಸುಲೆ ಪಗೋಡಾದ ಹತ್ತಿರ ಸೈನಿಕರು ಗುಂಪಿನ ಮೇಲೆ ಮುಗಿಬಿದ್ದರು. ಜನ ಓಡಿದರು. ಎಪಿಎಫ್ ಎಂಬ ಜಪಾನಿ ಸುದ್ದಿಸಂಸ್ಥೆಗೆ ಕೆಲಸ ಮಾಡುತ್ತಿದ್ದ ಐವತ್ತು ವರ್ಷದ ಕೆಂಜಿ ನಗಾಯ್ ಅಲ್ಲೇ ಚಿತ್ರ ತೆಗೆಯುತ್ತಿದ್ದರು. ಗುಂಡು ತಗುಲಿ ಬಿದ್ದರು.

ಆ ಕ್ಷಣದ ಎರಡು ದಾಖಲೆಗಳಿವೆ. ಒಂದು ರಾಯಿಟರ್ಸ್‌ನ ಅದ್ರೀಸ್ ಲತೀಫ್ ತೆಗೆದ ಸ್ಥಿರಚಿತ್ರ. ಬೆನ್ನ ಮೇಲೆ ಬಿದ್ದಿರುವ ನಗಾಯ್, ಇನ್ನೂ ಮೇಲೆತ್ತಿದ ಕೈಯಲ್ಲಿ ಕ್ಯಾಮೆರಾ, ಪಕ್ಕದಲ್ಲಿ ಬಂದೂಕು ಹಿಡಿದ ಸೈನಿಕ. ಅದಕ್ಕೆ 2008ರಲ್ಲಿ ಪತ್ರಿಕೋದ್ಯಮದ ಪುಲಿಟ್ಜರ್ ಪ್ರಶಸ್ತಿ ಬಂತು. ಚೌಕಟ್ಟು, ಗಳಿಗೆ, ಎಲ್ಲ ಒಂದಾಗಿ ಬಂದ ಚಿತ್ರ ಅದು. ಎರಡನೆಯದು ಡಿವಿಬಿಯ ವಿಜೆಯೊಬ್ಬರ ವಿಡಿಯೊ. ಚೆಂದ ಎನ್ನುವಂಥದ್ದು ಅದರಲ್ಲಿ ಏನೂ ಇಲ್ಲ. ದೂರ, ಒರಟು, ಅಲುಗಾಟ. ಆದರೆ ಸರ್ಕಾರ ಹೇಳಿದ್ದು ಎಲ್ಲಿಂದಲೋ ಬಂದ ಗುಂಡು ತಗುಲಿತು ಎಂದು. ಆ ವಿಡಿಯೊದಲ್ಲಿ ಸೈನಿಕ ತೀರಾ ಹತ್ತಿರದಿಂದ ಬಂದೂಕು ಹಿಡಿದಿರುವುದು, ನಗಾಯ್ ಬೀಳುವುದು ಒಂದರ ಹಿಂದೆ ಒಂದು ಕಾಣುತ್ತದೆ. ಸ್ಥಿರಚಿತ್ರದಲ್ಲಿರುವುದು ಬಿದ್ದ ಮನುಷ್ಯ. ಬಿದ್ದದ್ದು ಹೇಗೆ ಎಂಬುದು ವಿಡಿಯೊದಲ್ಲಿದೆ. ಜಪಾನಿನ ಟಿವಿಯಲ್ಲಿ ಅದನ್ನು ನಿಲ್ಲಿಸಿ ನಿಲ್ಲಿಸಿ ತೋರಿಸಿದರು. ಆಮೇಲೆ ಸರ್ಕಾರದ ಮಾತನ್ನು ನಂಬುವವರು ಉಳಿಯಲಿಲ್ಲ.

ಒಟ್ಟು ಎಷ್ಟು ಜನ ಸತ್ತರು? ಸರ್ಕಾರ ಮೊದಲು ಹೇಳಿದ್ದು ಹತ್ತು. ವಿಶ್ವಸಂಸ್ಥೆಯ ವಿಶೇಷ ವರದಿಗಾರ ಪಿನ್ಹೆರೋ ಆ ವರ್ಷದ ಡಿಸೆಂಬರ್‌ನಲ್ಲಿ ಕೊಟ್ಟ ವರದಿಯಲ್ಲಿ ಕನಿಷ್ಠ 31 ಎಂದಿದೆ.

ಟೇಪ್ ದಾಟಿಸುವುದು

ಚಿತ್ರ ತೆಗೆಯುವುದು ಅರ್ಧ ಕೆಲಸ. ಉಳಿದರ್ಧ ಅದನ್ನು ಹೊರಗೆ ಕಳಿಸುವುದು. ರಂಗೂನಿನ ಸೈಬರ್ ಕೆಫೆಗಳಲ್ಲಿ ಕೂತು ತುಂಡು ತುಂಡಾಗಿ ಕಳಿಸಿದರು. ಕೆಲವನ್ನು ಕೈಯಲ್ಲೇ ಥಾಯ್ಲೆಂಡ್ ಗಡಿ ದಾಟಿಸಿದರು. ಅಲ್ಲಿಂದ ಓಸ್ಲೋ, ಓಸ್ಲೋದಿಂದ ಒಂದು ಕಡೆ ಬಿಬಿಸಿ, ಸಿಎನ್‌ಎನ್, ಇನ್ನೊಂದು ಕಡೆ ಉಪಗ್ರಹದ ಮೂಲಕ ಮತ್ತೆ ಬರ್ಮಾಕ್ಕೇ. ರಂಗೂನಿನ ಒಂದು ಬೀದಿಯಲ್ಲಿ ಆದದ್ದು ಪಕ್ಕದ ಬೀದಿಯವರಿಗೆ ಗೊತ್ತಾಗಲು ನಾರ್ವೆಗೆ ಹೋಗಿ ಬರಬೇಕಿತ್ತು. ಸೆಪ್ಟೆಂಬರ್ ಕೊನೆಯಲ್ಲಿ ಸರ್ಕಾರ ಇಂಟರ್ನೆಟ್ಟನ್ನೇ ಕತ್ತರಿಸಿತು. ಅಷ್ಟರಲ್ಲಿ ಬೇಕಾದಷ್ಟು ಹೊರಗೆ ಬಂದಾಗಿತ್ತು.

ಫೈಲ್ ಸಣ್ಣದಾಗಬೇಕೆಂದು ಹಿಂಡಿ ಹಿಂಡಿ ಕಳಿಸಿದ್ದರಿಂದ ಚಿತ್ರದ ವಿವರ ಇನ್ನಷ್ಟು ಕರಗಿತು. ಮುಖಗಳು ಚೌಕಚೌಕವಾದವು. ಆ ದಿನಗಳ ಬರ್ಮಾ ನನ್ನ ಪೀಳಿಗೆಯವರ ನೆನಪಿನಲ್ಲಿ ಇರುವುದೇ ಹಾಗೆ, ಒಡೆದ ಚೌಕಗಳಲ್ಲಿ.

ಇಲ್ಲಿ ಒಂದು ಹಳೆಯ ಸಂಗತಿ ನೆನಪಾಗುತ್ತದೆ. ಬರ್ಮಾದವರು ಬರ್ಮಾದಲ್ಲಿ ತೆಗೆದ ಮೊದಲ ಚಿತ್ರವೂ ಬೀದಿಯ ರಾಜಕೀಯ ಮೆರವಣಿಗೆಯದ್ದೇ. ತುನ್ ಶೀನ್ ಎಂಬ ನಾಯಕನ ಶವಯಾತ್ರೆಯನ್ನು ಓನ್ ಮೌಂಗ್ ಎಂಬವರು ಚಿತ್ರೀಕರಿಸಿದರು. ಅದನ್ನು ತೋರಿಸುವಾಗ ಚಿತ್ರದ ಗುಣಮಟ್ಟ ಚೆನ್ನಾಗಿಲ್ಲ, ಕ್ಷಮಿಸಿ ಎಂದು ಅವರೇ ಕೇಳಿಕೊಂಡಿದ್ದರಂತೆ. ಅದೇ ಓನ್ ಮೌಂಗ್ 1920ರಲ್ಲಿ ದೇಶದ ಮೊದಲ ಕಥಾಚಿತ್ರವನ್ನೂ ಮಾಡಿದರು.

ಸಿನಿಮಾ ಆದ ಮೇಲೆ

ಡೆನ್ಮಾರ್ಕಿನ ನಿರ್ದೇಶಕ ಆಂಡರ್ಸ್ ಓಸ್ಟರ್‌ಗಾರ್ಡ್ ಈ ಟೇಪ್‌ಗಳಿಂದ 2008ರಲ್ಲಿ 'ಬರ್ಮಾ ವಿಜೆ' ಎಂಬ ಸಾಕ್ಷ್ಯಚಿತ್ರ ಮಾಡಿದರು. ಆ ವರ್ಷ ಆಮ್ಸ್ಟರ್‌ಡ್ಯಾಮ್ ಉತ್ಸವದಲ್ಲಿ ಮುಖ್ಯ ಪ್ರಶಸ್ತಿ ಬಂತು. 2010ರಲ್ಲಿ ಆಸ್ಕರ್‌ಗೆ ನಾಮನಿರ್ದೇಶನವೂ ಆಯಿತು. ಕಥೆ ಹೇಳುವವನು ಜೋಶುವಾ ಎಂಬ ಸುಳ್ಳು ಹೆಸರಿನ ವಿಜೆ. ಆಗಸ್ಟ್‌ನಲ್ಲೇ ಪೊಲೀಸರ ಕಣ್ಣಿಗೆ ಬಿದ್ದು ಥಾಯ್ಲೆಂಡಿಗೆ ಹೋಗಬೇಕಾಗಿ ಬಂದವನು. ತನ್ನ ಜೀವನದ ದೊಡ್ಡ ಸುದ್ದಿ ನಡೆಯುವಾಗ ಚಿಯಾಂಗ್ ಮಾಯ್‌ನಲ್ಲಿ ಫೋನು, ಚಾಟ್ ಹಿಡಿದುಕೊಂಡು ಕೂತಿರುತ್ತಾನೆ. ಆ ಅಸಹಾಯಕತೆಯೇ ಚಿತ್ರದ ಬೆನ್ನೆಲುಬು.

ಆ ಫೋನ್ ಮಾತುಕತೆಗಳು, ಕೋಣೆಯ ದೃಶ್ಯಗಳು, ಇನ್ನೂ ಕೆಲವು ಭಾಗಗಳು ಮತ್ತೆ ಆಡಿಸಿ ತೆಗೆದವು. ಚಿತ್ರದ ಶುರುವಿನಲ್ಲೇ ಇದನ್ನು ಬರೆದು ತೋರಿಸುತ್ತಾರೆ. ಆದರೆ ಯಾವುದು ಅಸಲಿ, ಯಾವುದು ಆಮೇಲಿನದು ಎಂದು ಆಯಾ ಜಾಗದಲ್ಲಿ ಹೇಳುವುದಿಲ್ಲ. ಇದರ ಬಗ್ಗೆ ಟೀಕೆ ಬಂತು, ಸಮರ್ಥನೆಯೂ ಬಂತು. ಟೇಪ್‌ನಲ್ಲಿ ಇಲ್ಲದ್ದನ್ನು ತೋರಿಸಲು ಬೇರೆ ದಾರಿ ಇರಲಿಲ್ಲ, ಜನರ ಗುರುತು ಮುಚ್ಚಬೇಕಿತ್ತು ಎಂಬುದು ಒಪ್ಪುವ ಮಾತೇ.

ಆದರೂ ನನಗೆ ಇಲ್ಲಿ ಕಸಿವಿಸಿಯಿದೆ. ಮರುಸೃಷ್ಟಿ ಮಾಡಿದ್ದಕ್ಕಲ್ಲ, ಅದಕ್ಕೂ ಅದೇ ಕೈನಡುಕದ ರೂಪ ಕೊಟ್ಟದ್ದಕ್ಕೆ. ವಿಜೆಯ ಕ್ಯಾಮೆರಾ ನಡುಗಿದ್ದಕ್ಕೆ ಒಂದು ಕಾರಣವಿತ್ತು. ಎದುರಿಗೆ ಬಂದೂಕು ಇತ್ತು. ಬಂದೂಕೇ ಇಲ್ಲದ ಊರಿನಲ್ಲಿ ಅದೇ ನಡುಕ ತಂದರೆ ಅದು ಬರೀ ಶೈಲಿ. ಎರಡನ್ನೂ ಪಕ್ಕಪಕ್ಕ ಇಟ್ಟಾಗ ನೋಡುವವರು ಅಸಲಿಯನ್ನೂ ಅನುಮಾನಿಸತೊಡಗುತ್ತಾರೆ. ಟೇಪ್ ಸಾಕ್ಷಿಯಾಗಬೇಕು ಎಂದು ಜೀವ ಒತ್ತೆ ಇಟ್ಟವರ ಕೆಲಸದ ಪಕ್ಕದಲ್ಲಿ ಅನುಮಾನಕ್ಕೆ ಜಾಗ ಕೊಡಬಾರದಿತ್ತು. ಮರುಸೃಷ್ಟಿಯ ಭಾಗಗಳನ್ನು ಟ್ರೈಪಾಡ್ ಮೇಲೆ, ಅಲುಗದ ಚೌಕಟ್ಟಿನಲ್ಲಿ ತೆಗೆದಿದ್ದರೆ ಜಗಳವೇ ಇರುತ್ತಿರಲಿಲ್ಲ. ಚಿತ್ರದ ಬಿಗಿ ಸ್ವಲ್ಪ ಕಡಿಮೆಯಾಗುತ್ತಿತ್ತು, ನಿಜ.

ಹೀಗೆ ಹೇಳಿದರೂ ಆ ಚಿತ್ರ ಇಲ್ಲದಿದ್ದರೆ ನಾನು ಈ ಶಾಟ್‌ಗಳನ್ನು ಇಷ್ಟು ಹೊತ್ತು ನೋಡುತ್ತಲೇ ಇರಲಿಲ್ಲ.

ಕೊಟ್ಟ ಬೆಲೆ

2008ರ ಮೇ ತಿಂಗಳಲ್ಲಿ ನರ್ಗಿಸ್ ಚಂಡಮಾರುತ ಬಂತು. ಸತ್ತವರು, ಕಾಣೆಯಾದವರು ಸೇರಿ ಸುಮಾರು 1,38,000 ಜನ. ಇರವಾಡಿ ಮುಖಜ ಭೂಮಿಗೆ ಹೊರಗಿನವರನ್ನು ಸೈನ್ಯ ಸುಲಭಕ್ಕೆ ಬಿಡಲಿಲ್ಲ. ಅಲ್ಲಿನ ಅನಾಥ ಮಕ್ಕಳನ್ನು ಚಿತ್ರೀಕರಿಸಿದ ಇಬ್ಬರು ಡಿವಿಬಿ ಕ್ಯಾಮೆರಾಮನ್‌ಗಳಿಗೆ 2009ರ ನವೆಂಬರ್‌ನಲ್ಲಿ ಲಂಡನ್ನಿನಲ್ಲಿ, ಸ್ವತಂತ್ರ ಕ್ಯಾಮೆರಾ ಪತ್ರಕರ್ತರಿಗೆ ಕೊಡುವ ರೋರಿ ಪೆಕ್ ಪ್ರಶಸ್ತಿ ಸಿಕ್ಕಿತು. ಹೆಸರು ಹೇಳುವಂತಿರಲಿಲ್ಲ, 'ಝಡ್' ಮತ್ತು 'ಟಿ' ಎಂದಷ್ಟೇ ಕರೆದರು. ಅಷ್ಟರಲ್ಲಿ ಟಿ ರಂಗೂನಿನ ಜೈಲಿನಲ್ಲಿದ್ದರು. ಅವರು ಎನ್ಗ್ವೆ ಸೋ ಲಿನ್ ಎಂದು ಹೊರಗಿನವರಿಗೆ ತಿಳಿದದ್ದು ಆಮೇಲೆ. 2010ರ ಜನವರಿಯಲ್ಲಿ 13 ವರ್ಷದ ಶಿಕ್ಷೆಯಾಯಿತು.

ಹ್ಲಾ ಹ್ಲಾ ವಿನ್ ಎಂಬ ಡಿವಿಬಿಯ ಯುವತಿ 2009ರ ಸೆಪ್ಟೆಂಬರ್‌ನಲ್ಲಿ ಭಿಕ್ಕುಗಳ ಸಂದರ್ಶನ ತೆಗೆಯಲು ಹೋದದ್ದು ಎಲ್ಲಿಗೆ ಗೊತ್ತಾ? ಅದೇ ಪಕೊಕ್ಕುಗೆ. ಹಿಂದಿರುಗುವಾಗ ಸಿಕ್ಕಿಬಿದ್ದರು. ಮೊದಲು ಹಾಕಿದ ಕೇಸು ಕ್ಯಾಮೆರಾದ್ದಲ್ಲ, ನೋಂದಣಿ ಇಲ್ಲದ ಮೋಟರ್‌ಬೈಕಿನದ್ದು. ಅದಕ್ಕೆ 7 ವರ್ಷ. ಆಮೇಲೆ ಎಲೆಕ್ಟ್ರಾನಿಕ್ಸ್ ಕಾಯ್ದೆಯಲ್ಲಿ ಇನ್ನೂ 20. ಟಿಗೂ ಇವರಿಗೂ ಬಿಡುಗಡೆಯಾದದ್ದು 2012ರ ಜನವರಿಯಲ್ಲಿ, ಸರ್ಕಾರ ರಾಜಕೀಯ ಕೈದಿಗಳನ್ನು ಬಿಟ್ಟಾಗ.

ಆಮೇಲೆ ಡಿವಿಬಿ ದೇಶದೊಳಗೆ ಬಹಿರಂಗವಾಗಿ ಕೆಲಸ ಮಾಡುವ ಕಾಲವೂ ಬಂತು. 2021ರ ಫೆಬ್ರವರಿ 1ರಂದು ಸೈನ್ಯ ಮತ್ತೆ ಅಧಿಕಾರ ಹಿಡಿಯಿತು. ಮಾರ್ಚ್‌ನಲ್ಲಿ ಡಿವಿಬಿಯ ಪರವಾನಗಿ ರದ್ದಾಯಿತು. ಈ ಸಲದ ಮೊದಲ ಪ್ರಸಿದ್ಧ ದೃಶ್ಯ ಯಾವುದು ನೆನಪಿದೆಯಾ? ರಾಜಧಾನಿ ನೇಪಿಡಾದಲ್ಲಿ ವ್ಯಾಯಾಮದ ಶಿಕ್ಷಕಿಯೊಬ್ಬರು ಮೊಬೈಲ್ ನಿಲ್ಲಿಸಿಕೊಂಡು ಏರೋಬಿಕ್ಸ್ ಮಾಡುತ್ತಿದ್ದಾರೆ, ಹಿಂದೆ ಸೈನ್ಯದ ವಾಹನಗಳು ಸಾಲಾಗಿ ಹೋಗುತ್ತಿವೆ. ಚೌಕಟ್ಟು ಅಲುಗುವುದಿಲ್ಲ, ಬೆಳಕು ಚೆನ್ನಾಗಿದೆ, ಮುಖ ಸ್ಪಷ್ಟ. ಹೆದರಬೇಕಾದ ಗಳಿಗೆ ಅದು ಎಂದು ಅವರಿಗೆ ಇನ್ನೂ ಗೊತ್ತಾಗಿರಲಿಲ್ಲ, ಅಷ್ಟೇ. ಮರುವರ್ಷ ಬರ್ಲಿನ್ ಉತ್ಸವದಲ್ಲಿ ಸಾಕ್ಷ್ಯಚಿತ್ರ ಪ್ರಶಸ್ತಿ ಪಡೆದ 'ಮ್ಯಾನ್ಮಾರ್ ಡೈರೀಸ್'ನಲ್ಲಿ ಮಾಡಿದವರ ಹೆಸರಿಲ್ಲ. ಅದರ ಹಲವು ಭಾಗಗಳಲ್ಲಿ ಮುಖವೂ ಇಲ್ಲ.

ನಗಾಯ್ ಕ್ಯಾಮೆರಾ

ರಸ್ತೆಯಲ್ಲಿ ಬಿದ್ದಾಗ ನಗಾಯ್ ಕೈಯಲ್ಲಿದ್ದ ಸೋನಿ ಹ್ಯಾಂಡಿಕ್ಯಾಮ್ ಆ ದಿನವೇ ಕಾಣೆಯಾಯಿತು. ಸರ್ಕಾರ ವಾಪಸ್ಸು ಕೊಡಲಿಲ್ಲ. ಮನೆಯವರು ಕೇಳುತ್ತಲೇ ಇದ್ದರು. 2023ರ ಏಪ್ರಿಲ್‌ನಲ್ಲಿ ಬ್ಯಾಂಕಾಕ್‌ನಲ್ಲಿ ಅದನ್ನು ಅವರ ಸಹೋದರಿಯ ಕೈಗೆ ಕೊಟ್ಟರು. ಹದಿನೈದೂವರೆ ವರ್ಷ ಆಗಿತ್ತು. ಹೇಗೋ ಪತ್ತೆ ಮಾಡಿ ತಂದವರು ಡಿವಿಬಿಯವರೇ.

ಒಳಗೆ ಟೇಪ್ ಇತ್ತು. ಓಡಿತು. ಭಿಕ್ಕುಗಳು, ಜನ, ಬೀದಿ. ಒಂದು ಕಡೆ ನಗಾಯ್ ಕ್ಯಾಮೆರಾವನ್ನು ತಮ್ಮ ಕಡೆಗೇ ತಿರುಗಿಸಿಕೊಂಡು, ಸೈನ್ಯ ಬಂದಿದೆ, ಲಾರಿ ಬಂದಿದೆ ಎಂದು ಜಪಾನಿ ಭಾಷೆಯಲ್ಲಿ ಹೇಳುತ್ತಾರೆ. ಮುಖ ಪೂರ್ತಿ ಕಾಣುತ್ತದೆ. ಆಮೇಲೆ ಜನ ಓಡುವುದಿದೆ. ಗುಂಡು ಹಾರುವ ಮೊದಲೇ ಟೇಪ್ ನಿಂತಿದೆ. ಆ ಗುಂಡಿನ ದೃಶ್ಯ ಈಗಲೂ ಇರುವುದು ದೂರದಿಂದ ನಡುಗುತ್ತಾ ತೆಗೆದ ಆ ಇನ್ನೊಂದು ಟೇಪ್‌ನಲ್ಲಿ ಮಾತ್ರ.